ಬಂಡೆ ಮೇಲಿನ ಚಿತ್ರ

ಕಾಗದ ಇಲ್ಲ. ಅಕ್ಷರವೂ ಇಲ್ಲ. ಆಗಿನ ಜನ ಚಿತ್ರ ಎಲ್ಲಿ ಬರೆದರು? ಬಂಡೆ ಮೇಲೆ!

ಅದನ್ನು ನೋಡಲು ನಾವು ಅಂಬಿಕಾನಗರದಿಂದ ಹೊರಟೆವು. ದಾಂಡೇಲಿ ದಾಟಿ ಹುಬ್ಬಳ್ಳಿಗೆ ಬಂದೆವು. ಅಲ್ಲಿಂದ ರೈಲಿನಲ್ಲಿ ಬಳ್ಳಾರಿಗೆ ಹೋದೆವು. ಬಳ್ಳಾರಿ ಹತ್ತಿರ ಸಂಗನಕಲ್ಲು, ಕಪ್ಪಗಲ್ಲು ಎಂಬ ಊರುಗಳಿವೆ. ಅಲ್ಲಿಯ ಹಿರೇಗುಡ್ಡ ಹತ್ತಿದೆವು. ದಾರಿ ತೋರಿಸುವವರು ಜೊತೆಗಿದ್ದರು.

ಕಪ್ಪು ಬಂಡೆಗಳ ಮೇಲೆ ಎಷ್ಟೊಂದು ದನಗಳು! ಉದ್ದ ಕೊಂಬು, ಬೆನ್ನ ಮೇಲೆ ಡುಬ್ಬ. ಇವು ಬಣ್ಣ ಹಚ್ಚಿದ ಚಿತ್ರಗಳಲ್ಲ. ಕಲ್ಲಿನಿಂದ ಬಂಡೆಯನ್ನು ಕುಟ್ಟಿ ಕುಟ್ಟಿ ಬಿಡಿಸಿದವು. ಬಹಳಷ್ಟು ಚಿತ್ರಗಳು ಸುಮಾರು 4 ಸಾವಿರ ವರ್ಷ ಹಳೆಯವು ಎಂದು ತಿಳಿದವರು ಹೇಳುತ್ತಾರೆ. ಕೆಲವು ಬಂಡೆಗಳನ್ನು ಬಡಿದರೆ ಗಂಟೆಯಂತೆ ನಾದ ಬರುತ್ತದೆ.

ಆಮೇಲೆ ಬಳ್ಳಾರಿಯ ಮ್ಯೂಸಿಯಂ ನೋಡಿದೆವು. ಅದಕ್ಕೆ ರಾಬರ್ಟ್ ಬ್ರೂಸ್ ಫೂಟ್ ಅವರ ಹೆಸರಿದೆ. ಸಂಗನಕಲ್ಲಿನ ಕಲ್ಲುಕೊಡಲಿಗಳನ್ನು 1872ರಲ್ಲಿ ಗುರುತಿಸಿದವರು ಅವರು. ಅಂಥ ಕೊಡಲಿಗಳು ಅಲ್ಲಿವೆ. ಕಾಳು ಅರೆಯುವ ಕಲ್ಲುಗಳೂ ಇವೆ. ಸಂಗನಕಲ್ಲಿನ ಮಣ್ಣು ಅಗೆದಾಗ ಸುಟ್ಟ ಹುರುಳಿ, ಹೆಸರುಕಾಳು ಸಿಕ್ಕಿವೆ. ಅಂದರೆ ನಮ್ಮ ಇಂದಿನ ಹುರುಳಿ ಸಾರು ಎಷ್ಟು ಹಳೆಯದು, ನೋಡಿ!

ಆದರೆ ಒಂದು ಚಿಂತೆ. ಕಲ್ಲು ಗಣಿಯವರು ಅಲ್ಲಿ ಎಷ್ಟೋ ಬಂಡೆ ಒಡೆದಿದ್ದಾರೆ. ಬಂಡೆ ಒಡೆದರೆ ಜಲ್ಲಿ ಆಗುತ್ತದೆ. ಜಲ್ಲಿಯಿಂದ ಮತ್ತೆ ಚಿತ್ರ ಆಗುತ್ತದೆಯೇ? ಇಲ್ಲ. ಬಂಡೆ ಮೇಲೆ ಹೆಸರು ಕೆತ್ತಿದರೂ ಚಿತ್ರ ಹಾಳಾಗುತ್ತದೆ.

ನಾವು ಈಗ ಹೆಸರು ಬರೆಯಲು ಕಲಿತಿದ್ದೇವೆ. ಪುಸ್ತಕದಲ್ಲಿ ಬರೆಯೋಣ. ಹಿರಿಯರ ಬಂಡೆ ಮೇಲೆ ಬೇಡ. ಅದನ್ನು ನಮ್ಮ ಮಕ್ಕಳೂ ನೋಡಲಿ.