ಕ್ಯಾಮೆರಾವನ್ನೇ ಪ್ರಶ್ನಿಸಿದ ಬಾಲ್ಡ್ವಿನ್

ಸಿದ್ಧಲಿಂಗಯ್ಯನವರ ‘ಊರುಕೇರಿ’ ಪಾಠ ಮಾಡುತ್ತಿದ್ದಾಗ ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು ಕೇಳಿದ: “ಸಾರ್, ನಮ್ಮವರ ಮೇಲೆ ಪಿಚ್ಚರ್ ತೆಗೆದ್ರೆ ಮೊದಲು ಗುಡಿಸಲೇ ಯಾಕೆ ತೋರಿಸ್ತಾರೆ?” ನನಗೆ ತಕ್ಷಣ ಉತ್ತರ ಹೊಳೆಯಲಿಲ್ಲ. ಲೇಖಕನ ಮೇಲಿನ ಚಿತ್ರವೆಂದರೆ ಹುಟ್ಟೂರು, ಹಳೇ ಫೋಟೋ, ನಾಲ್ಕು ಜನ ಗಣ್ಯರ ಮಾತು, ಕೊನೆಗೊಂದು ಸನ್ಮಾನ, ಇಷ್ಟೇ ಅಂತ ನಾನೂ ತಿಳಿದಿದ್ದೆ. ಈ ಅಚ್ಚನ್ನು ಒಡೆದದ್ದು ಅಮೆರಿಕದ ಕಪ್ಪು ಲೇಖಕ ಜೇಮ್ಸ್ ಬಾಲ್ಡ್ವಿನ್ (1924-1987) ಕುರಿತ ಎರಡು ಚಿತ್ರಗಳು.

ಮೊದಲನೆಯದು 1970ರ ‘ಮೀಟಿಂಗ್ ದ ಮ್ಯಾನ್’. ಅರ್ಧ ಗಂಟೆಯೂ ಇಲ್ಲದ ಇದನ್ನು ಬ್ರಿಟನ್ನಿನ ಬಿಳಿಯ ನಿರ್ದೇಶಕ ಟೆರೆನ್ಸ್ ಡಿಕ್ಸನ್ ಪ್ಯಾರಿಸ್ಸಿನಲ್ಲಿ ತೆಗೆದ. ಅವನಿಗೆ ಬೇಕಿದ್ದದ್ದು ಕಾದಂಬರಿಗಳ ಬಗ್ಗೆ ಮಾತಾಡುವ ಸಾಹಿತಿ. ಬಾಲ್ಡ್ವಿನ್ ಒಪ್ಪುವುದಿಲ್ಲ. ಸೆರೆಮನೆಯನ್ನು ಜನ ಕೆಡವಿದ ಬಾಸ್ತೀಲಿನ ಜಾಗದಲ್ಲಿ ನಿಂತು, ತನ್ನ ಜನರಿನ್ನೂ ಸೆರೆಯಲ್ಲಿರುವಾಗ ತಾನು ಬರೀ ಸಾಹಿತಿಯಾಗಿ ನಿಲ್ಲಲಾರೆ ಅನ್ನುವ ಧಾಟಿಯಲ್ಲಿ ವಾದಕ್ಕಿಳಿಯುತ್ತಾನೆ. ನಿರ್ದೇಶಕನ ಕಿರಿಕಿರಿಯೂ ಚಿತ್ರದಲ್ಲೇ ಉಳಿದಿದೆ. ಬೇರೆಯವರು ಕತ್ತರಿಸಿ ಎಸೆಯುವ ಜಗಳವೇ ಇಲ್ಲಿ ಲೇಖಕನ ಭಾವಚಿತ್ರ.

ಎರಡನೆಯದು ಹೈಟಿಯಲ್ಲಿ ಹುಟ್ಟಿದ ರಾವುಲ್ ಪೆಕ್ ಮಾಡಿದ ‘ಐ ಆಮ್ ನಾಟ್ ಯುವರ್ ನೀಗ್ರೋ’ (2016). ಕೊಲೆಯಾದ ಮೆಡ್ಗರ್ ಎವರ್ಸ್ (1963), ಮಾಲ್ಕಂ ಎಕ್ಸ್ (1965), ಮಾರ್ಟಿನ್ ಲೂಥರ್ ಕಿಂಗ್ (1968) ಈ ಮೂವರ ಬಗ್ಗೆ ಬಾಲ್ಡ್ವಿನ್ ಬರೆಯಹೊರಟು ಸುಮಾರು 30 ಪುಟಕ್ಕೇ ನಿಂತುಹೋದ ಪುಸ್ತಕ ಇದರ ಬೀಜ. ಪಂಡಿತರ ಸಂದರ್ಶನ ಒಂದೂ ಇಲ್ಲ. ಸ್ಯಾಮ್ಯುಯೆಲ್ ಜಾಕ್ಸನ್ ದನಿಯಲ್ಲಿ ಬಾಲ್ಡ್ವಿನ್ನನ ಮಾತು ಕೇಳುತ್ತಿರುವಾಗ ತೆರೆಯ ಮೇಲೆ ಹಳೇ ಹಾಲಿವುಡ್ ಚಿತ್ರಗಳ ತುಣುಕುಗಳು, 2014ರ ಫರ್ಗ್ಯುಸನ್ ಪ್ರತಿಭಟನೆಯ ದೃಶ್ಯಗಳು. ‘ಲೇಖಕ ಹೇಗೆ ಬದುಕಿದ’ ಎಂಬುದಕ್ಕಿಂತ ‘ಅವನ ಕಣ್ಣಿಗೆ ಈ ಸಮಾಜ ಹೇಗೆ ಕಂಡಿತು’ ಎಂಬುದೇ ಇಲ್ಲಿ ಮುಖ್ಯ. ಆದರೆ ಬಾಲ್ಡ್ವಿನ್ನನ ಸಲಿಂಗ ಪ್ರೇಮದ ಬಗ್ಗೆ ಚಿತ್ರ ಹೆಚ್ಚುಕಡಿಮೆ ಬಾಯಿ ಬಿಡುವುದಿಲ್ಲ. ನಮ್ಮವರೇ ಕ್ಯಾಮೆರಾ ಹಿಡಿದರೂ ಏನನ್ನೋ ಹೊರಗಿಡುತ್ತಾರೆ ಅನ್ನುವುದನ್ನು ಮರೆಯಬಾರದು.

1972ರಲ್ಲಿ ಮುಂಬಯಿಯ ದಲಿತ ಪ್ಯಾಂಥರ್ಸ್ ತಮ್ಮ ಹೆಸರನ್ನು ಅಮೆರಿಕದ ಬ್ಲ್ಯಾಕ್ ಪ್ಯಾಂಥರ್ಸ್‌ರಿಂದಲೇ ಪಡೆದರು; ಈ ನೆಂಟಸ್ತಿಕೆ ಹೊಸದಲ್ಲ. ದಲಿತ ವಿಮರ್ಶೆ ಈ ಚಿತ್ರಗಳಿಂದ ಪಡೆಯಬೇಕಾದದ್ದು ತಂತ್ರವನ್ನಲ್ಲ, ಒಂದು ಪ್ರಶ್ನೆಯನ್ನು: ಯಾರು ಯಾರನ್ನು ನೋಡುತ್ತಿದ್ದಾರೆ?

ಮರುದಿನ ಆ ಹುಡುಗನಿಗೆ ಹೇಳಿದೆ: “ಗುಡಿಸಲು ತೋರಿಸಲಿ ಬಿಡಪ್ಪ, ಅದರ ಒಳಗಿಂದ ಊರು ಹೇಗೆ ಕಾಣ್ತದೆ ಅನ್ನೋದನ್ನೂ ತೋರಿಸಲಿ.” ಅವನು ನಕ್ಕ. “ಅದಕ್ಕೆ ಕ್ಯಾಮೆರಾ ಒಳಗೆ ಬರ್ಬೇಕಲ್ಲ ಸಾರ್” ಅಂದ.