‘ಅಬ್ಬೆ’ ಸೇರಿದ ಹಳೆಯ ಹೆಸರುಗಳು

ಪ್ರಶ್ನೆ: ಅತ್ತಿಮಬ್ಬೆ ಎಂಬ ಹೆಸರಿನಲ್ಲಿರುವ ‘ಅಬ್ಬೆ’ ಎಂದರೇನು? ಇಂಥ ಹೆಸರು ಬೇರೆ ಯಾರಿಗಿತ್ತು?

ಉತ್ತರ: ಅಬ್ಬೆ ಎಂದರೆ ತಾಯಿ. ಹಳಗನ್ನಡದ ಈ ಪದ ಹವ್ಯಕರ ಮನೆಮಾತಿನಲ್ಲಿ ಇಂದಿಗೂ ಜೀವಂತವಾಗಿದೆ. ಹಿಂದೆ ಹೆಣ್ಣುಮಕ್ಕಳ ಹೆಸರಿಗೆ ಗೌರವದಿಂದ ಅದನ್ನು ಸೇರಿಸುತ್ತಿದ್ದರು. 10ನೇ ಶತಮಾನದಲ್ಲಿ ನಾಗರಖಂಡದ ಆಡಳಿತ ನಡೆಸಿದ ಜಕ್ಕಿಯಬ್ಬೆ, ಕವಿ ರನ್ನನ ತಾಯಿ ಅಬ್ಬಲಬ್ಬೆ, ಹೊಯ್ಸಳ ರಾಣಿ ಶಾಂತಲೆಯ ತಾಯಿ ಮಾಚಿಕಬ್ಬೆ ಇದಕ್ಕೆ ಉದಾಹರಣೆ.

ಇವರಲ್ಲೆಲ್ಲ ಹೆಚ್ಚು ಹೆಸರಾದವಳು ಅತ್ತಿಮಬ್ಬೆ. ಪೊನ್ನನ ‘ಶಾಂತಿಪುರಾಣ’ ಅಳಿಯದಿರಲೆಂದು 1000 ಓಲೆಪ್ರತಿಗಳನ್ನು ಮಾಡಿಸಿ ಹಂಚಿದ ಮಹಾತಾಯಿ ಆಕೆ. ಲಕ್ಕುಂಡಿಯಲ್ಲಿ ಆಕೆ ಕಟ್ಟಿಸಿದ ಬ್ರಹ್ಮ ಜಿನಾಲಯ ಈಗಲೂ ಗಟ್ಟಿಯಾಗಿ ನಿಂತಿದೆ. ಅಲ್ಲಿನ ಶಾಸನದ ಕಾಲ 1007.

‘ಅಜಿತಪುರಾಣ’ ಬರೆಯಲು ಆಕೆಯ ಆಶ್ರಯ ಪಡೆದ ರನ್ನ, ತನ್ನ ಮಗಳಿಗೂ ಅತ್ತಿಮಬ್ಬೆ ಎಂದೇ ಹೆಸರಿಟ್ಟ.