ಗಡಿಪಾರು: ಊರಗಡಿಯ ಕಲ್ಪನೆ ಮತ್ತು ನ್ಯಾಯಾಲಯದ ಪರಾಮರ್ಶೆ

ಕಂದಾಯ ದಾಖಲೆಗಳಲ್ಲಿ ಊರಿನ ಗಡಿ ಅಳತೆಗೆ ಸಂಬಂಧಿಸಿದ್ದು. ಜನಪದರ ನಂಬಿಕೆಯಲ್ಲಿ ಅದು ರಕ್ಷಣೆಗೆ ಸಂಬಂಧಿಸಿದ್ದು. ಊರಿಗೆ ಬಂದ ಬೇನೆಯನ್ನು ಮಾರಿಯ ರೂಪದಲ್ಲಿ ಗಡಿಯಾಚೆಗೆ ಸಾಗಿಸಿಬರುವ ಆಚರಣೆ ದಕ್ಷಿಣ ಭಾರತದ ಹಲವೆಡೆ ದಾಖಲಾಗಿದೆ. ಒಂದು ಊರು ದಾಟಿಸಿದ ಮಾರಿಯನ್ನು ಪಕ್ಕದ ಊರು ತನ್ನ ಗಡಿಯಿಂದಾಚೆಗೆ ಸಾಗಿಸಬೇಕಾಗುತ್ತಿತ್ತು. ಕೇಡನ್ನು ಹೊರಗೆ ಹಾಕಿದರೆ ಒಳಗೆ ಕ್ಷೇಮ ಎಂಬ ಈ ಕಲ್ಪನೆಯೇ ಆಡಳಿತದ ಭಾಷೆಯಲ್ಲಿ ಬಳಕೆಯಲ್ಲಿರುವ 'ಗಡಿಪಾರು' ಎಂಬ ಪದದಲ್ಲಿಯೂ ಕೇಳಿಬರುತ್ತದೆ. ಆದರೆ ಇಲ್ಲಿ ಗಡಿ ದಾಟಿಸಲ್ಪಡುವುದು ಮಾರಿಯ ಮೂರ್ತಿಯಲ್ಲ, ಹಕ್ಕುಗಳುಳ್ಳ ಮನುಷ್ಯ. ಆದ್ದರಿಂದಲೇ ಗಡಿಪಾರಿನ ಆದೇಶಗಳು ಮತ್ತೆ ಮತ್ತೆ ನ್ಯಾಯಾಲಯದ ಮೆಟ್ಟಿಲೇರಿವೆ.

ಹಳೆಯ ಮೈಸೂರು ಪ್ರಾಂತ್ಯದ ಚಾವಡಿ ಮತ್ತು ಕಟ್ಟೆಮನೆಗಳ ನ್ಯಾಯಪದ್ಧತಿಯಲ್ಲಿ ಊರಿನಿಂದ ಅಥವಾ ಕುಲದಿಂದ ಹೊರಗಿಡುವುದು ಕಠಿಣ ಶಿಕ್ಷೆಯಾಗಿತ್ತು. ದೂರು ಕೊಟ್ಟವನು ಯಾರೆಂಬುದು ಸಾಮಾನ್ಯವಾಗಿ ಎಲ್ಲರಿಗೂ ತಿಳಿದಿರುತ್ತಿತ್ತು. ತಪ್ಪುಕಾಣಿಕೆ ಸಲ್ಲಿಸಿ ಮರಳಿ ಒಳಗೆ ಬರಲು ದಾರಿಯೂ ಇರುತ್ತಿತ್ತು. ಹಾಗೆಂದು ಈ ಪದ್ಧತಿಯನ್ನು ಆದರ್ಶವೆಂದು ಭಾವಿಸಲಾಗದು. ದಲಿತರು, ಸ್ತ್ರೀಯರು ಮತ್ತು ಜಾತಿ ಮೀರಿ ಮದುವೆಯಾದವರು ಇದೇ ಬಹಿಷ್ಕಾರದಿಂದ ನೊಂದಿದ್ದಾರೆ. ಆಧುನಿಕ ಗಡಿಪಾರನ್ನು ಪರಿಶೀಲಿಸುವಾಗ ಈ ಎರಡೂ ಮುಖಗಳನ್ನು ನೆನಪಿನಲ್ಲಿಡಬೇಕು.

ಕರ್ನಾಟಕ ಪೊಲೀಸ್ ಕಾಯಿದೆ, 1963ರ 54ರಿಂದ 56ರವರೆಗಿನ ಪ್ರಕರಣಗಳು ಗಡಿಪಾರಿಗೆ ಆಧಾರವಾಗಿವೆ. ಗುಂಪುಗಳನ್ನು ಚದುರಿಸುವುದು, ಅಪರಾಧವೆಸಗುವ ಸಂಭವವಿರುವವರನ್ನು ತೆರವುಗೊಳಿಸುವುದು, ಕೆಲವು ಅಪರಾಧಗಳಲ್ಲಿ ಶಿಕ್ಷೆಗೊಳಗಾದವರನ್ನು ಹೊರಹಾಕುವುದು ಕ್ರಮವಾಗಿ ಇವುಗಳ ವಿಷಯ. ಪೊಲೀಸ್ ಆಯುಕ್ತರು, ಆಯುಕ್ತಾಲಯವಿಲ್ಲದ ಕಡೆ ಜಿಲ್ಲಾ ದಂಡಾಧಿಕಾರಿ ಅಥವಾ ಅಧಿಕಾರ ಪಡೆದ ಉಪವಿಭಾಗ ದಂಡಾಧಿಕಾರಿ ಈ ಆದೇಶ ಹೊರಡಿಸುತ್ತಾರೆ. ಆದೇಶದ ಅವಧಿ ಎರಡು ವರ್ಷಗಳನ್ನು ಮೀರುವಂತಿಲ್ಲ. ಆದೇಶಕ್ಕೆ ಮುನ್ನ ಆರೋಪಗಳ ಸಾಮಾನ್ಯ ಸ್ವರೂಪವನ್ನು ಲಿಖಿತವಾಗಿ ತಿಳಿಸಿ, ಉತ್ತರಿಸಲು ಅವಕಾಶ ಕೊಡಬೇಕು. ಇದು ಆಗಿಹೋದ ಅಪರಾಧಕ್ಕೆ ವಿಧಿಸುವ ಶಿಕ್ಷೆಯಲ್ಲ. ಮುಂದೆ ಆಗಬಹುದಾದುದನ್ನು ತಡೆಯುವ ಕ್ರಮ. ಮುಂದಾಗುವುದನ್ನು ಊಹಿಸುವ ಅಧಿಕಾರ ಎಷ್ಟು ಅಪಾಯಕಾರಿ ಎಂಬುದಕ್ಕೆ ಇತಿಹಾಸದಲ್ಲಿ ನಿದರ್ಶನವಿದೆ. 1871ರ ಅಪರಾಧಿ ಬುಡಕಟ್ಟುಗಳ ಕಾಯಿದೆಯು ಇಡೀ ಸಮುದಾಯಗಳನ್ನೇ ಹುಟ್ಟಿನಿಂದ ಶಂಕಿತರನ್ನಾಗಿಸಿ ಅವರ ಚಲನವಲನವನ್ನು ಕಟ್ಟಿಹಾಕಿತು. ಆ ಸಾಲಿನ ಶಾಸನವು ರದ್ದಾದದ್ದು 1952ರಲ್ಲಿ.

ದೇಶದಾದ್ಯಂತ ಸಂಚರಿಸುವ ಮತ್ತು ಎಲ್ಲಿಯಾದರೂ ನೆಲೆಸುವ ಸ್ವಾತಂತ್ರ್ಯವನ್ನು ಸಂವಿಧಾನದ 19ನೆಯ ಅನುಚ್ಛೇದ ನೀಡುತ್ತದೆ; ಸಾರ್ವಜನಿಕ ಹಿತಕ್ಕಾಗಿ ಯುಕ್ತವಾದ ನಿರ್ಬಂಧಗಳನ್ನು ಅದೇ ಅನುಚ್ಛೇದ ಒಪ್ಪುತ್ತದೆ. ನಿರ್ಬಂಧ ಎಲ್ಲಿಯವರೆಗೆ ಯುಕ್ತ ಎಂಬುದೇ ವಿವಾದದ ತಿರುಳು. ಮುಂಬಯಿಯ ಗಡಿಪಾರಿಗೆ ಸಂಬಂಧಿಸಿದ ಗುರುಬಚನ್ ಸಿಂಗ್ ಪ್ರಕರಣದಲ್ಲಿ (1952) ಸರ್ವೋಚ್ಚ ನ್ಯಾಯಾಲಯವು ಇಂತಹ ಕಾನೂನನ್ನು ಎತ್ತಿಹಿಡಿಯಿತು. ಸಾಕ್ಷಿಗಳು ಭಯದಿಂದ ಬಹಿರಂಗವಾಗಿ ಮುಂದೆ ಬರದಿದ್ದಾಗ ಅವರ ಪಾಟೀಸವಾಲಿಗೆ ಅವಕಾಶವಿಲ್ಲದಿರುವುದು ತಪ್ಪಲ್ಲವೆಂಬುದು ಅದರ ತರ್ಕ. ಆದರೆ 1960ರಲ್ಲಿ ಬಲದೇವ್ ಪ್ರಸಾದ್ ಪ್ರಕರಣದಲ್ಲಿ ಮಧ್ಯಪ್ರಾಂತ್ಯ ಮತ್ತು ಬೇರಾರ್‌ನ ಗೂಂಡಾ ಕಾಯಿದೆಯನ್ನು ಅದೇ ನ್ಯಾಯಾಲಯ ಅಸಿಂಧುಗೊಳಿಸಿತು. ಒಬ್ಬನು ಗೂಂಡಾ ಹೌದೋ ಅಲ್ಲವೋ ಎಂಬುದನ್ನು ನಿರ್ಣಯಿಸಲು ಸರಿಯಾದ ಒರೆಗಲ್ಲನ್ನು ಆ ಕಾಯಿದೆ ಒದಗಿಸಿರಲಿಲ್ಲ. ಹೆಸರಿಟ್ಟು ಹೊರಹಾಕುವ ಮೊದಲು ಆ ಹೆಸರು ಅವನಿಗೆ ಸಲ್ಲುತ್ತದೆಯೇ ಎಂದು ಪರೀಕ್ಷಿಸಬೇಕೆಂಬುದು ಇದರ ಸಾರ.

1980ರಲ್ಲಿ ತೀರ್ಮಾನವಾದ ಪ್ರೇಮ್‌ಚಂದ್ ಪ್ರಕರಣ ಇನ್ನೊಂದು ಅಪಾಯವನ್ನು ಬಯಲು ಮಾಡಿತು. ದೆಹಲಿಯ ಈ ಅರ್ಜಿದಾರ ಸುಮಾರು 3,000 ಮೊಕದ್ದಮೆಗಳಲ್ಲಿ ಪೊಲೀಸರ ಪರ ಸಾಕ್ಷಿ ನುಡಿದವನೆಂದೂ, ಇನ್ನು ಸಾಧ್ಯವಿಲ್ಲವೆಂದಾಗ ಗಡಿಪಾರಿನ ನೋಟೀಸು ಬಂದಿತೆಂದೂ ಹೇಳಿಕೊಂಡಿದ್ದ. ಪೊಲೀಸರ ಬರಿಯ ಶಂಕೆಯಿಂದ ಪ್ರಜೆಯ ಸ್ವಾತಂತ್ರ್ಯವನ್ನು ಮೊಟಕುಗೊಳಿಸಲಾಗದೆಂದು ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅಭಿಪ್ರಾಯಪಟ್ಟರು. 2022ರ ಜನವರಿ 28ರಂದು ಮಹಾರಾಷ್ಟ್ರದ ದೀಪಕ್ ಡೋಂಗ್ರೆ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಗಡಿಪಾರು ಅಸಾಧಾರಣ ಕ್ರಮವೆಂದೂ, ವಿರಳವಾಗಿ ಬಳಸಬೇಕೆಂದೂ ಸಾರಿತು. ಹಳಸಿದ ಪ್ರಕರಣಗಳು ಆಧಾರವಾಗಲಾರವು; ಗರಿಷ್ಠ ಎರಡು ವರ್ಷಗಳ ಅವಧಿ ವಿಧಿಸಿದರೆ ಅದಕ್ಕೆ ತಕ್ಕ ವಿವೇಚನೆ ಆದೇಶದಲ್ಲಿ ಕಾಣಬೇಕು.

ಅವಧಿಯಂತೆ ಪ್ರದೇಶದ ವಿಸ್ತಾರವೂ ಮುಖ್ಯ. ನಂಜನಗೂಡು ತಾಲ್ಲೂಕಿನ ಹೆಮ್ಮರಗಾಲವನ್ನು ನಿದರ್ಶನವಾಗಿಟ್ಟುಕೊಂಡು ಇದನ್ನು ನೋಡಬಹುದು. ಅಲ್ಲಿನ ರೈತನೊಬ್ಬನ ಬದುಕಿನ ನಕಾಶೆಯಲ್ಲಿ ತನ್ನ ಹೊಲಮನೆ, ಊರಿನ ಸಂತಾನ ವೇಣುಗೋಪಾಲಸ್ವಾಮಿಯ ಗುಡಿ, ನಂಜನಗೂಡಿನ ದೊಡ್ಡಜಾತ್ರೆ, ಕಾವೇರಿ ಕಪಿಲೆಯರು ಕೂಡುವ ತಿರುಮಕೂಡಲು ಇವೆಲ್ಲ ಸೇರಿರುತ್ತವೆ. ಮೈಸೂರು ಜಿಲ್ಲೆಯಿಂದ ಹೊರಗಿರಬೇಕೆಂಬ ಒಂದೇ ಸಾಲು ಇವಿಷ್ಟನ್ನೂ ಅಳಿಸುತ್ತದೆ. ಆಚೆಯ ಚಾಮರಾಜನಗರವು 1997ರವರೆಗೆ ಇದೇ ಜಿಲ್ಲೆಯ ಭಾಗವಾಗಿದ್ದುದು. ನೆಂಟಸ್ತಿಕೆಗೆ ಜಿಲ್ಲೆಯ ಗೆರೆ ತಿಳಿಯದು. ಆದೇಶವು ನೆರೆಯ ಜಿಲ್ಲೆಗಳನ್ನೂ ಒಳಗೊಂಡರೆ ಬಂಧುಗಳ ಆಸರೆಯೂ ತಪ್ಪುತ್ತದೆ. ಇಷ್ಟು ವಿಸ್ತಾರ ಏಕೆ ಬೇಕಾಯಿತೆಂದು ನ್ಯಾಯಾಲಯ ಕೇಳುವುದು ಈ ಕಾರಣಕ್ಕೆ. 2025ರಲ್ಲಿ ದಕ್ಷಿಣ ಕನ್ನಡದಿಂದ ರಾಯಚೂರು ಜಿಲ್ಲೆಯ ಮಾನ್ವಿಗೆ ಒಬ್ಬರನ್ನು ಕಳುಹಿಸಿದ ಆದೇಶವೂ ಕರ್ನಾಟಕ ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನೆಗೊಳಗಾಯಿತು. ಒಂದು ಊರಿಗೆ ಕೇಡಾದವನು ಮತ್ತೊಂದು ಊರಿಗೆ ಹೇಗೆ ಕ್ಷೇಮವಾದಾನು ಎಂಬ ಮಾರಿಯ ಗಡಿಯ ಪ್ರಶ್ನೆ ಇಲ್ಲಿಯೂ ಉಳಿಯುತ್ತದೆ.

ಪುಂಡರ ಉಪಟಳಕ್ಕೆ ಸಿಕ್ಕಿ ಬಾಯಿಬಿಡಲಾರದ ಬಡವರ ಭಯವೂ ಅಷ್ಟೇ ನಿಜ. ಸಾಕ್ಷಿ ಹೇಳಿದ ಮರುದಿನವೂ ಅದೇ ಬೀದಿಯಲ್ಲಿ ಬಾಳಬೇಕಾದವರಿಗೆ ಗಡಿಪಾರಿನ ಆದೇಶ ಕೆಲಕಾಲದ ಉಸಿರು. ನ್ಯಾಯಾಲಯಗಳು ಈ ಅಧಿಕಾರವನ್ನು ಕಿತ್ತುಕೊಂಡಿಲ್ಲ. ಆದೇಶದ ಕ್ರಮದಲ್ಲಿ ದೋಷ ಕಂಡು ಅದನ್ನು ರದ್ದುಪಡಿಸಿದಾಗಲೂ ಆ ತೀರ್ಪು ವ್ಯಕ್ತಿಯ ನಿರಪರಾಧಿತ್ವದ ಪ್ರಮಾಣಪತ್ರವಾಗುವುದಿಲ್ಲ. ಆರೋಪವನ್ನು ತಿಳಿಸು, ಉತ್ತರವನ್ನು ಕೇಳು, ಕಾರಣವನ್ನು ಬರೆ, ಕಾಲಕ್ಕೂ ನೆಲಕ್ಕೂ ಮಿತಿ ಹಾಕು ಎಂಬುದಷ್ಟೇ ಅವು ವಿಧಿಸಿರುವ ನಿಯಮ. ಒಳ್ಳೆಯ ಯಜಮಾನನಿಂದ ಚಾವಡಿ ಬಯಸುತ್ತಿದ್ದುದೂ ಇದನ್ನೇ. ಎಲ್ಲ ಜಾತಿಯವರಿಗೂ ಅದು ಸಮನಾಗಿ ದಕ್ಕುತ್ತಿರಲಿಲ್ಲ. ಚಾವಡಿ ಕೆಲವರಿಗೆ ಮಾತ್ರ ಕೊಟ್ಟ ಆ ನ್ಯಾಯವನ್ನು ಎಲ್ಲರ ಹಕ್ಕಾಗಿಸಿದ್ದು ಸಂವಿಧಾನ.